ಅವ್ವನ ಬಾಯಲ್ಲಿ ಯಾರದೋ ದನಿ

ಕೆಲಸ ಬಿಟ್ಟು ಮನೆಯಲ್ಲಿ ಕೂತ ಮೇಲೂ ಹುಡುಗ ಹುಡುಗಿಯರು ಬಂದು ಬಾಗಿಲು ತಟ್ಟುತ್ತಾರೆ. ಕೈಯಲ್ಲೊಂದು ಫೋನು, ಬೆನ್ನಿಗೊಂದು ಚೀಲ. "ಮೇಡಂ, ನನ್ನ ಕಥೀನ ಸಿನಿಮಾ ಮಾಡಬೇಕಂತ ಮಾಡೇನ್ರಿ" ಎನ್ನುತ್ತಾರೆ. ಎಷ್ಟು ಸಲೀಸಾಗಿ ಬರುತ್ತದೆ ಅವರ ಬಾಯಿಂದ ಆ ಮಾತು! ನನಗೆ ಸಂತೋಷವಾಗುತ್ತದೆ. ಅದರ ಹಿಂದೆಯೇ ಹಳೆಯ ಸಿಟ್ಟೂ ಏಳುತ್ತದೆ. ನಾನು ಈ ಕೆಲಸಕ್ಕೆ ಬಂದ ಎಂಬತ್ತರ ದಶಕದಲ್ಲಿ ಸಾಕ್ಷ್ಯಚಿತ್ರದೊಳಗೆ 'ನಾನು' ಎಂಬ ಶಬ್ದಕ್ಕೆ ಪ್ರವೇಶವಿರಲಿಲ್ಲ. 'ಇವರು' ಎನ್ನಬೇಕಿತ್ತು. ಇವರು ಬಡವರು, ಇವರು ಶ್ರಮಜೀವಿಗಳು, ಇವರು ಮುಗ್ಧರು. ಹಾಗೆ ಹೇಳುವವರು ಯಾರು ಎಂದು ಮಾತ್ರ ಯಾರೂ ಕೇಳುತ್ತಿರಲಿಲ್ಲ.

ಮುಂದೆ ಮಾಡಿದ ಚಿತ್ರಗಳು, ಸಿಕ್ಕ ಶಾಲುಗಳು, ಕಲಿಸಿದ ತರಗತಿಗಳ ಮಾತು ಇಲ್ಲಿ ಬೇಡ. ಈ ಕಸುಬು ನಿಜಕ್ಕೂ ಹೇಗಿರುತ್ತದೆ ಎಂದು ತಿಳಿಯಬೇಕಾದರೆ ನನ್ನ ಮೊದಲ ಚಿತ್ರಕ್ಕೆ ಏನಾಯಿತು ಎಂಬುದನ್ನು ಕೇಳಿದರೆ ಸಾಕು.

ನಾನು ಕುಂದಗೋಳ ತಾಲ್ಲೂಕಿನ ಸಂಶಿಯವಳು. ಅಪ್ಪ ರೈಲ್ವೆ ಹಳಿ ದುರಸ್ತಿಯ ಗ್ಯಾಂಗಿನಲ್ಲಿದ್ದ. ಹರೆಯದಲ್ಲಿಯೇ ಬೌದ್ಧನಾದವನು. ನನಗೆ ಸುಜಾತಾ ಎಂದು ಹೆಸರಿಟ್ಟವನು ಅವನು. ಅವ್ವ ಹುಲಿಗೆವ್ವ ಮಾತ್ರ ಆ ಹೆಸರಿನಿಂದ ಒಮ್ಮೆಯೂ ಕರೆಯಲಿಲ್ಲ. ಅವಳಿಗೆ ನಾನು ಎಲ್ಲವ್ವ. ಮನೆಯ ಗೋಡೆಯ ಮೇಲೆ ಬುದ್ಧನ ಪಟ, ಮಾಡದಲ್ಲಿ ಎಲ್ಲಮ್ಮನ ಪಟ. ಎರಡಕ್ಕೂ ಅವ್ವ ಒಂದೇ ಊದಿನಕಡ್ಡಿಯನ್ನು ಸುತ್ತಿಸುತ್ತಿದ್ದಳು. ಅವಳ ಕೆಲಸ ಮೆಣಸಿನಕಾಯಿ ದಲಾಲರ ವಖಾರದಲ್ಲಿ, ಅಂದರೆ ಗೋದಾಮಿನಲ್ಲಿ. ಸುಗ್ಗಿಯ ಕಾಲಕ್ಕೆ ಕೆಂಪು ರಾಶಿಯ ಮುಂದೆ ಹೆಂಗಸರು ಸಾಲಾಗಿ ಕೂತು ತೊಟ್ಟು ಮುರಿಯುತ್ತಿದ್ದರು. ದಿನವೆಲ್ಲ ಸೀನು, ಕೆಮ್ಮು, ಉರಿ.

ಅಪ್ಪ ಹಟ ಹಿಡಿದು ನನ್ನನ್ನು ಧಾರವಾಡದಲ್ಲಿ ಓದಿಸಿದ. ಅವನು ತೀರಿಕೊಂಡ ಮೇಲೆ ಬೆಂಗಳೂರಿಗೆ ಹೋಗಿ ಚಿತ್ರ ಸಂಕಲನ ಕಲಿತೆ. ಸರಕಾರಿ ಇಲಾಖೆಗಳಿಗೆ ಸಣ್ಣ ಸಣ್ಣ ಚಿತ್ರ ಮಾಡಿಕೊಡುತ್ತಿದ್ದ ರಾಯರೊಬ್ಬರ ಬಳಿ ಸಹಾಯಕಿಯಾಗಿ ಸೇರಿದೆ. ರಾಯರು ಬಿಳಿ ಖಾದಿ ತೊಡುವವರು, ಮೆಲುದನಿಯವರು, ಎಲ್ಲರನ್ನೂ 'ಅಮ್ಮ' 'ಅಪ್ಪ' ಎಂದೇ ಮಾತಾಡಿಸುವವರು. ಕೂಗಾಡುವ ಯಜಮಾನನ ಜೊತೆ ಜಗಳವಾಡಬಹುದು. ಇಂಥವರ ಜೊತೆ ಜಗಳಕ್ಕೆ ತುದಿಯೇ ಸಿಗುವುದಿಲ್ಲ.

ಒಮ್ಮೆ ನವಲಗುಂದದ ಕಡೆಯ ಹಳ್ಳಿಯೊಂದರಲ್ಲಿ ಹೆಣ್ಣುಮಕ್ಕಳ ದುಡಿಮೆಯ ಬಗ್ಗೆ ಚಿತ್ರ ತೆಗೆಯಲು ಹೋದೆವು. ಆ ಸೀಮೆಯ ಮಾತು ಬರುತ್ತದೆ ಎಂದು ನನ್ನನ್ನೂ ಕರೆದುಕೊಂಡು ಹೋಗಿದ್ದರು. ಹತ್ತಿ ಬಿಡಿಸುತ್ತಿದ್ದ ಹೆಂಗಸರಿಗೆ ರಾಯರು ಒಳ್ಳೆಯ ಸೀರೆ ಉಟ್ಟುಬರಲು ಹೇಳಿದರು. ಒಬ್ಬ ಮುದುಕಿ, "ಹತ್ತಿ ಬಿಡಸಾಕ ಯಾರ್‍ರೀ ಹಬ್ಬದ ಸೀರಿ ಉಡತಾರ? ನೋಡಿದ ಮಂದಿ ನಗೂದಿಲ್ಲೇನು?" ಎಂದಳು. ರಾಯರು ನಕ್ಕು ಅವಳ ಭುಜ ತಟ್ಟಿದರು. ಸೀರೆ ಬದಲಾಯಿತು. ಅದೇ ಮುದುಕಿ ಮೈಕಿನ ಮುಂದೆ ಖಡಕ್ಕಾಗಿ ಮಾತಾಡಿದಳು. "ಹೊಲದಾಗ ಒಂದ ನೆಳ್ಳಿನ ಗಿಡ ಇಲ್ರಿ. ಕೂಸಿನ್ನ ಬದುವಿನ ಮ್ಯಾಲ ಮಲಗಿಸಿ ಬಿಸಲಾಗ ದುಡೀತೇವಿ. ಹುಳಾ ಹುಪ್ಪಡಿ ಕಡದ್ರ ಕೇಳವ್ರು ಯಾರು?"

ಬೆಂಗಳೂರಿಗೆ ಬಂದು ಚಿತ್ರ ಸಿದ್ಧವಾದಾಗ ಆ ಮುದುಕಿಯ ತುಟಿ ಅಲ್ಲಾಡುತ್ತಿತ್ತು, ಮಾತಿರಲಿಲ್ಲ. ಅದರ ಮೇಲೆ ಗಂಡಸಿನ ಗಂಭೀರ ದನಿಯೊಂದು ಹರಿಯುತ್ತಿತ್ತು: 'ಈ ಮುಗ್ಧ ಜನರ ಮೊಗದಲ್ಲಿ ದುಡಿಮೆಯ ತೃಪ್ತಿ ತುಂಬಿದೆ.'

"ಸರ್, ಆಕೆ ಹೇಳಿದ್ದು ಅದಲ್ಲ" ಎಂದೆ.

"ಗೊತ್ತಮ್ಮ. ಆದ್ರೆ ಆ ಭಾಷೆ ಯಾರಿಗೆ ಅರ್ಥ ಆಗತ್ತೆ? ನಿಮ್ಮ ಕಡೆ ಮಾತು ಹಾಸ್ಯಕ್ಕೆ ಚೆನ್ನ. ಗಂಭೀರ ವಿಷಯಕ್ಕೆ ಒಗ್ಗೋದಿಲ್ಲ."

ನಮ್ಮ ಕಡೆಯ ಮಾತು ಹಾಸ್ಯಕ್ಕೆ ಚೆನ್ನ! ನಾನು ಹುಟ್ಟಿದಾಗ ಕೇಳಿದ ಮಾತು, ಅಪ್ಪ ಸಾಯುವಾಗ ಆಡಿದ ಮಾತು. ಅವರಿಗೆ ಅದು ನಗಲಿಕ್ಕೆ ಬೇಕಾದ ಮಾತು. ಆ ವಾಕ್ಯ ಕೇಳಿದ ಮೇಲೆ ಅಲ್ಲಿ ಬಹಳ ದಿನ ಉಳಿಯಲಿಲ್ಲ.

ಅಲ್ಲಿ ನನಗೆ ಸಿಕ್ಕ ಒಬ್ಬನೇ ಗೆಳೆಯ ಕ್ಯಾಮೆರಾಮನ್ ಇಸ್ಮಾಯಿಲಣ್ಣ. ಅಳ್ನಾವರದವನು, ನನಗಿಂತ ದೊಡ್ಡವನು. ಅವನ ಹತ್ತಿರ ಕೀಲಿ ಕೊಟ್ಟು ಓಡಿಸುವ ಹಳೆಯ ಹದಿನಾರು ಮಿಲಿಮೀಟರ್ ಕ್ಯಾಮೆರಾ ಇತ್ತು. ಬೇರೆ ಬೇರೆ ಕೆಲಸಗಳಲ್ಲಿ ಉಳಿದ ಫಿಲ್ಮಿನ ತುಂಡುಗಳನ್ನು ಅವನು ಡಬ್ಬಿಯಲ್ಲಿ ಕೂಡಿಟ್ಟಿದ್ದ. ನೆಗೆಟಿವ್ ಇಲ್ಲದ ಜಾತಿಯ ಫಿಲ್ಮು ಅದು. ಕ್ಯಾಮೆರಾದೊಳಗೆ ಓಡಿದ್ದೇ ತೊಳೆದ ಮೇಲೆ ಪರದೆಯ ಮೇಲೂ ಓಡಬೇಕು. ಕೆಟ್ಟರೆ ಕೆಟ್ಟಿತು, ಇನ್ನೊಂದು ಪ್ರತಿ ಇಲ್ಲ. ಇವತ್ತು ಫೋನಿನಲ್ಲಿ ತೆಗೆದು ಅಳಿಸಿ ಮತ್ತೆ ತೆಗೆಯುವವರಿಗೆ ಆ ಭಯ ಅರ್ಥವಾಗಲಿಕ್ಕಿಲ್ಲ.

"ಏನ್ ತಗೀತೀ ತಂಗಿ?" ಎಂದು, ಆ ತುಂಡುಗಳಲ್ಲಿ ನನ್ನದೇ ಚಿತ್ರ ಮಾಡುತ್ತೇನೆಂದ ದಿನ ಇಸ್ಮಾಯಿಲಣ್ಣ ಕೇಳಿದ.

"ನಮ್ಮವ್ವನ್ನ."

"ಅಷ್ಟ?"

"ಅಷ್ಟ."

ಸಂಶಿಗೆ ಹೋಗಿ ಕ್ಯಾಮೆರಾ ಹೊರಗೆ ತೆಗೆದ ದಿನವೇ ಓಣಿಯಲ್ಲಿ ಗದ್ದಲ. ವಖಾರದ ಬಾಗಿಲಲ್ಲಿ ನಿಂತು ದಲಾಲರ ಗುಮಾಸ್ತ, "ಇಲ್ಲೇನ ಸರ್ಕಸ್ ನಡದೈತೇನು? ಹುಲಿಗೆವ್ವನ ಮಗಳಿಗೆ ಮಾಡಾಕ ಬ್ಯಾರೆ ಕೆಲಸ ಇಲ್ಲೇನು?" ಎಂದು ಕೂಗಿದ. ಒಳಗೆ ಬಿಡಲಿಲ್ಲ. ಅವ್ವ ಬೀಸಣಿಕೆಯಂತೆ ಸೆರಗು ಬೀಸುತ್ತ, "ವಖಾರ ಅವರದು, ಅಂಗಳ ನಮ್ಮದು" ಎಂದು ಒಂದು ಬುಟ್ಟಿ ಮೆಣಸಿನಕಾಯಿಯನ್ನು ಮನೆಗೇ ಹೊತ್ತು ತಂದಳು. ಮನೆಯ ಮುಂದೆ ಗೋಣಿಚೀಲ ಹಾಸಿ ಕೂತಳು.

ನಾನು ಕ್ಯಾಮೆರಾದ ಪಕ್ಕದಲ್ಲಿ ನಿಂತು ಪ್ರಶ್ನೆ ಕೇಳುತ್ತಿದ್ದೆ. ಟೇಪ್ ರೆಕಾರ್ಡರ್ ಬೇರೆ ಓಡುತ್ತಿತ್ತು. ಎಷ್ಟು ವರ್ಷದಿಂದ ಈ ಕೆಲಸ, ಯಾವಾಗ ಬರುತ್ತೀ, ಯಾವಾಗ ಹೋಗುತ್ತೀ, ಇಂಥವೇ. ಬೆಂಗಳೂರಿನಲ್ಲಿ ಕಲಿತ ಪ್ರಶ್ನೆಗಳು. ಅವ್ವ ಒಂದೆರಡಕ್ಕೆ ಹೂಂ ಉಹೂಂ ಅಂದಳು. ಆಮೇಲೆ ಕೈಯಲ್ಲಿದ್ದ ಕಾಯಿಯನ್ನು ಬುಟ್ಟಿಗೆ ಒಗೆದು ಸಿಟ್ಟಿನಿಂದ ನನ್ನ ಕಡೆ ನೋಡಿದಳು.

"ನೀ ಯಾರು?"

"ಏನಬೇ ಹಂಗಂದ್ರ?"

"ಜನಗಣತಿ ಮಾಡಾಕ ಬಂದಾವ್ರಂಗ ನಿಂತು ಕೇಳತೀಯಲ್ಲ, ನಿನಗ ಗೊತ್ತಿಲ್ಲೇನು ಇದೆಲ್ಲಾ? ಗೊತ್ತಿದ್ದದ್ದನ್ನ ಯಾಕ ಕೇಳಾಕತ್ತೀ? ಬಾ ಬೇ, ಇಲ್ಲೆ ಕುಂದರು. ನನ್ನ ಬಾಜೂಕ ಕುಂತು ತೊಟ್ಟು ಮುರಿ. ಆಮ್ಯಾಲ ಮಾತಾಡೂಣು."

ನಾನು ಇಸ್ಮಾಯಿಲಣ್ಣನ ಮುಖ ನೋಡಿದೆ. "ಹೋಗು, ಅವ್ವಾರ ಹೇಳೂದು ಖರೆ ಐತಿ" ಎಂದು ಅವನು ಕೀಲಿ ತಿರುಗಿಸಿದ. ನಾನು ಹೋಗಿ ಅವ್ವನ ಬದಿಗೆ ಕೂತೆ. ಮಾಡುವವಳೇ ಚಿತ್ರದೊಳಗೆ ಹೋಗಿ ಕೂರುವುದು ನಾನು ಕಲಿತ ಯಾವ ಪಾಠದಲ್ಲೂ ಇರಲಿಲ್ಲ. ಕೈ ಮಾತ್ರ ಮರೆತಿರಲಿಲ್ಲ. ತೊಟ್ಟು ಮುರಿಯತೊಡಗಿತು. ಸ್ವಲ್ಪ ಹೊತ್ತಿಗೆ ಉಗುರ ಸಂದಿಯಲ್ಲಿ ಉರಿ ಎದ್ದಿತು.

ಆಗ ಅವ್ವ ತಾನಾಗಿಯೇ ಮಾತಾಡಿದಳು. ನನಗೂ ಗೊತ್ತಿಲ್ಲದ ಮಾತು.

"ವಖಾರದಾಗ ನಮ್ಮ ಓಣಿ ಹೆಣ್ಮಕ್ಕಳಿಗೆ ಗ್ಲಾಸ್ ಕೊಡತಿದ್ದಿಲ್ಲ. ನೀರಡಿಸಿದ್ರ ಬೊಗಸಿ ಒಡ್ಡಬೇಕು, ಮ್ಯಾಲಿಂದ ಹಾಕತಿದ್ರು. ದಿನಾ ಎಲ್ಲಾ ಖಾರದಾಗ ಆಡಿದ ಕೈ. ಅದ ಕೈಯಾಗ ನೀರ ಕುಡದ್ರ ಏನಾಗಬೇಕು? ತುಟಿ, ನಾಲಗಿ, ಗಂಟಲಾ ಎಲ್ಲಾ ಬೆಂಕಿ. ನೀರಡಿಕಿ ಹೋಗಲಿ ಅಂತ ಕುಡದ್ರ ಉರಿ ಜಾಸ್ತಿ ಆಕ್ಕಿತ್ತು. ಅವರ ಮನಿ ಎಮ್ಮಿಗೆ ಬಕೀಟ ಇತ್ತು. ನಮಗ ಗ್ಲಾಸ್ ಇದ್ದಿಲ್ಲ."

ನಾನು ಕಾಯಿ ಬಿಟ್ಟು ಅವಳನ್ನೇ ನೋಡಿದೆ. ಅವಳು ನೋಡಲಿಲ್ಲ. ಕೈ ನಡೆದೇ ಇತ್ತು.

"ನೀ ಕೂಸಿದ್ದಾಗ ಸುಗ್ಗಿ ಮುಗಿಯೂತನಾ ನಿನ್ನ ಮಾರಿ ಮುಟ್ಟತಿದ್ದಿಲ್ಲ ನಾ. ಎಷ್ಟ ತೊಳದ್ರೂ ಖಾರ ಹೋಗತಿದ್ದಿಲ್ಲ. ಮಜ್ಜಿಗಿ ಹಚ್ಚಿದೆ, ಎಣ್ಣಿ ಹಚ್ಚಿದೆ. ಒಮ್ಮೆ ಮುಟ್ಟಿದ್ದಕ್ಕ ಗಲ್ಲಾ ಕೆಂಪಾಗಿ ಒದರಿದಿ. ಆಮ್ಯಾಲ ಮೊಣಕೈಲೇ ನಿನ್ನ ಎತ್ತಿ ಹಾಲ ಕುಡಸತಿದ್ದೆ. ಮಂದಿ ಹೇಳತಿದ್ರು, ಹುಲಿಗೆವ್ವಗ ಮಗಳ ಮ್ಯಾಲ ಮಾಯಾ ಇಲ್ಲ ಅಂತ."

ಕ್ಯಾಮೆರಾದ ಕೀಲಿ ಮುಗಿದು ಅದು ನಿಂತಿತು. ಅವ್ವ ಮತ್ತೂ ಮಾತಾಡುತ್ತಿದ್ದಳು, ಟೇಪು ಓಡುತ್ತಿತ್ತು. ಇಸ್ಮಾಯಿಲಣ್ಣ ಮತ್ತೆ ಕೀಲಿ ಕೊಟ್ಟು ಚಿತ್ರ ಹಿಡಿದ. ಅವನ ದನಿಯೂ ಟೇಪಿನಲ್ಲಿದೆ. "ಅವ್ವಾರ, ಮಗಳ ಹೆಸರೇನ್ರಿ?" ಎಂದು ಕೇಳುತ್ತಾನೆ. "ಎಲ್ಲವ್ವ" ಎನ್ನುತ್ತಾಳೆ ಅವ್ವ. "ಸುಜಾತಾ" ಎನ್ನುತ್ತೇನೆ ನಾನು. "ಅದು ಅವರಪ್ಪ ಇಟ್ಟದ್ದು. ಇರಲಿ, ಎರಡೂ ಆಕೀವ" ಎನ್ನುತ್ತಾಳೆ ಅವ್ವ.

ಚಿತ್ರ ಜೋಡಿಸಿ ಮೊದಲು ಮನೆಯವರಿಗೇ ತೋರಿಸಿದೆ. ಅಪ್ಪನ ತಮ್ಮ, ಅಣ್ಣಿಗೇರಿಯಲ್ಲಿ ಶಾಲಾ ಮಾಸ್ತರನಾಗಿದ್ದ ಕಾಕಾ, ನೋಡಿ ಹುಬ್ಬು ಗಂಟಿಕ್ಕಿದ.

"ಸುಜಾತಾ, ನೀರಿಂದು ಇರಲಿ. ಎಲ್ಲಮ್ಮನ ಪಟಾ ತಗಿ."

"ಯಾಕ ಕಾಕಾ?"

"ನಿಮ್ಮಪ್ಪ ಏನೇನ್ ಅನುಭವಿಸಿ ಅದರಿಂದ ಹೊರಗ ಬಂದು ಬೌದ್ಧ ಆದ, ಗೊತ್ತೈತಿಲ್ಲೋ? ಜೀವನಾ ಪೂರ್ತಿ ಬಡದಾಡಿದ್ದನ್ನ ನೀ ಒಂದ ಪಟಾ ತೋರಿಸಿ ಅಳಿಸಿಬಿಡ್ತೀಯಲ್ಲ. ಮಂದಿ ಏನಂತಾರ? ಇವರು ಹೆಸರಿಗಷ್ಟ ಬದಲಾಗ್ಯಾರ ಅಂತಾರ."

ಅವನ ಮಾತಿನಲ್ಲಿ ನೋವಿತ್ತು, ಅದು ನನಗೆ ಕಂಡಿತು. ಆದರೂ ಒಪ್ಪಲಿಲ್ಲ. ಮಾಡದಲ್ಲಿದ್ದ ಪಟವನ್ನು ಚಿತ್ರದಿಂದ ತೆಗೆದರೆ ನಮ್ಮ ಮನೆ ನಮ್ಮದಾಗಿ ಉಳಿಯುವುದಿಲ್ಲ ಎಂದೆ. ಕಾಕಾ ಊಟ ಮಾಡದೆ ಎದ್ದು ಹೋದ. ಹೊರಗಿನವರು ಕತ್ತರಿ ಹಿಡಿದು ಬರುತ್ತಾರೆ ಎಂದುಕೊಂಡಿದ್ದೆ. ಮೊದಲ ಕತ್ತರಿ ಮನೆಯೊಳಗಿಂದಲೇ ಬಂತು. ಈ ದಾರಿಗೆ ಬರುವ ಹುಡುಗರಿಗೆ ಹೇಳುತ್ತೇನೆ, ನಿಮಗೂ ಹಾಗೇ ಆಗುತ್ತದೆ. ಜಗಳವಾಡಿ. ಬಾಂಧವ್ಯ ಬಿಡಬೇಡಿ.

ಆ ಕಾಲಕ್ಕೆ ಕಿರುಚಿತ್ರಗಳನ್ನು ನೋಡಿ, ಆರಿಸಿ, ಟಿವಿಗೆ ಶಿಫಾರಸು ಮಾಡುವ ಸಮಿತಿಯೊಂದು ಬೆಂಗಳೂರಿನಲ್ಲಿತ್ತು. ಹೋಗಿ ನೋಡಿದರೆ ನಮ್ಮ ರಾಯರು ಅದರಲ್ಲೊಬ್ಬ ಸದಸ್ಯರು. ಚಿತ್ರ ಮುಗಿದು ದೀಪ ಹತ್ತಿತು. ಆಮೇಲೆ ಕನ್ನಡಕದ ಹಿರಿಯರೊಬ್ಬರು ಗಂಟಲು ಸರಿಮಾಡಿಕೊಂಡರು.

"ಇದು ವೈಯಕ್ತಿಕ ಆಯ್ತು. ನಿಮ್ಮ ಮನೆ ದೂರು. ಸಾಕ್ಷ್ಯಚಿತ್ರ ಅಂದ್ರೆ ವಸ್ತುನಿಷ್ಠ ಇರಬೇಕು."

"ನಮ್ಮವ್ವನ ಗಂಟಲು ಉರಿದದ್ದು ವಸ್ತುನಿಷ್ಠ ಅಲ್ವಾ ಸರ್?"

"ನೀವು ಸಿಟ್ಟಾಗಬಾರದು. ನೀವೇ ಚಿತ್ರದಲ್ಲಿ ಬಂದು ಯಾಕೆ ಕೂತಿದ್ದೀರಿ? ನೋಡುವವರಿಗೆ ನಿಮ್ಮಿಂದ ಏನಾಗಬೇಕು?"

ಹದಿನೈದು ನಿಮಿಷದ ಚಿತ್ರದಲ್ಲಿ ಅವರಿಗೆ ಬೇಡವಾದದ್ದು ನಾನು, ಅವ್ವನ ಮಾತು, ನೀರು. ಉಳಿಯಬೇಕಾದದ್ದು ಮೆಣಸಿನಕಾಯಿ. ರಾಯರು ಅದನ್ನೇ ಬೆಣ್ಣೆ ಹಚ್ಚಿ ಹೇಳಿದರು. "ನೋಡಮ್ಮ ಸುಜಾತ, ದೃಶ್ಯ ಬಹಳ ಸೊಗಸಾಗಿದೆ. ಒಳ್ಳೆ ನಿರೂಪಣೆ ಹಾಕಿಸೋಣ. ಒಪ್ಪಿಕೋ."

ಒಪ್ಪುವುದಿಲ್ಲ ಎಂದೆ. ಮತ್ತೊಮ್ಮೆ ಎಲ್ಲರೂ ಕೂಡಿ ನೋಡಿ ತೀರ್ಮಾನಿಸುತ್ತೇವೆ, ಅಲ್ಲಿಯವರೆಗೆ ರೀಲು ಇಲ್ಲೇ ಇರಲಿ ಎಂದರು. ಅದು ಅಲ್ಲಿನ ನಿಯಮ, ಬಿಟ್ಟು ಬಂದೆ.

ಕೆಲವು ವಾರಗಳ ನಂತರ ಸಂಶಿಯಲ್ಲಿದ್ದೆ. ಊರ ಪಂಚಾಯಿತಿ ಕಚೇರಿಗೆ ಆಗ ಹೊಸದಾಗಿ ಟಿವಿ ಬಂದಿತ್ತು. ಸಂಜೆಯಾದರೆ ಅರ್ಧ ಊರು ಅದರ ಮುಂದೆ. ಆ ಸಂಜೆ ಪಕ್ಕದ ಮನೆಯ ಹುಡುಗಿ ಓಡಿ ಬಂದು, "ಹುಲಿಗೆವ್ವಾಯೀ, ನೀ ಟಿವ್ಯಾಗ ಬಂದೀ ಬಾ" ಎಂದು ಅವ್ವನ ಕೈ ಹಿಡಿದು ಎಳೆದಳು. ಇಬ್ಬರೂ ಹೋದೆವು. ಜನ ದಾರಿ ಬಿಟ್ಟರು.

ನಮ್ಮ ಅಂಗಳ. ಗೋಣಿಚೀಲ. ಅವ್ವನ ಕೈ, ಅವ್ವನ ಮುಖ. ಬೇರೆ ಯಾವುದೋ ಚಿತ್ರದ ನಡುವೆ ನಮ್ಮ ದೃಶ್ಯಗಳನ್ನು ತಂದು ಹಾಕಿದ್ದರು. ನಾನು ಇರುವ ಕಡೆಯಲ್ಲೆಲ್ಲ ಕತ್ತರಿಸಿದ್ದರು. ನೀರಿನ ಮಾತು ಹೇಳುವಾಗ ಅವ್ವನ ತುಟಿ ಅಲುಗುವುದು ಸ್ಪಷ್ಟವಾಗಿ ಕಾಣುತ್ತಿತ್ತು. ಆ ತುಟಿಗಳ ಮೇಲೆ ಗಂಡಸೊಬ್ಬನ ದಪ್ಪ ದನಿ: 'ಕೆಂಪು ಮೆಣಸಿನಕಾಯಿಯ ಹಾಗೆಯೇ ವರ್ಣರಂಜಿತ ಈ ಹಳ್ಳಿಗರ ಬದುಕು.'

ಕೊನೆಯಲ್ಲಿ ಬಂದ ಹೆಸರು ರಾಯರದು.

ಅವ್ವ ಟಿವಿಯನ್ನೇ ನೋಡುತ್ತ ನಿಂತಿದ್ದಳು. ತನ್ನ ತುಟಿಯ ಮೇಲೆ ಬೆರಳಿಟ್ಟುಕೊಂಡಳು. ನನ್ನ ಕಡೆ ತಿರುಗಿ ಎಲ್ಲರಿಗೂ ಕೇಳುವ ಹಾಗೆ ಕೇಳಿದಳು.

"ಬೇ ಎಲ್ಲವ್ವಾ, ಆ ಗಂಡಸು ನನ್ನ ಬಾಯಾಗ ಹ್ಯಾಂಗ ಹೊಕ್ಕಾನ?"

ಯಾರೋ ಕಿಸಕ್ಕನೆ ನಕ್ಕರು. ಅವ್ವ ನಗಲಿಲ್ಲ. ಆ ನಗು ಇವತ್ತಿಗೂ ನನ್ನ ಕಿವಿಯಲ್ಲಿ ಉರಿಯುತ್ತದೆ.

ಮರುದಿನವೇ ಬೆಂಗಳೂರಿನ ರೈಲು ಹತ್ತಿ ರಾಯರ ಕಚೇರಿಗೆ ಹೋದೆ. ರಾಯರು ನನ್ನನ್ನು ಕೂರಿಸಿ ಕಾಫಿ ತರಿಸಿದರು. ಮುಟ್ಟಲಿಲ್ಲ.

"ಯಾರನ್ನ ಕೇಳಿ ತಗೊಂಡ್ರಿ ಸರ್?"

"ಒಳ್ಳೇದೇ ಆಯ್ತಲ್ಲಮ್ಮ? ನಿಮ್ಮ ತಾಯಿನ ಇಡೀ ರಾಜ್ಯ ನೋಡ್ತು."

"ನೋಡಿತು. ಕೇಳಲಿಲ್ಲ."

ರಾಯರ ಮುಖದಲ್ಲಿ ಮೊದಲ ಸಲ ಬೇಸರ ಕಂಡಿತು. "ನೀನು ಸಂಕಲನ ಕಲಿತವಳು. ಶಾಟ್ ಅಂದ್ರೆ ಶಾಟ್. ಎಲ್ಲಿ ಬೇಕೋ ಅಲ್ಲಿ ಕೂಡಿಸ್ತೀವಿ. ಅದರಲ್ಲಿರೋದು ಯಾರ ತಾಯಿ ಅಂತ ನೋಡ್ತಾ ಕೂತ್ರೆ ಕೆಲಸ ಆಗತ್ತಾ?"

"ಅದನ್ನ ನೋಡದೇ ಇದ್ರೆ ಇದು ಕೆಲಸಾನೇ ಅಲ್ಲ ಸರ್. ಕಳವು."

ಹೊರಗೆ ಟೈಪ್ ಮಾಡುತ್ತಿದ್ದವರ ಕೈ ನಿಂತಿತು. ರಾಯರು ನನ್ನ ರೀಲಿನ ಡಬ್ಬಿಯನ್ನು ಮೇಜಿನ ಮೇಲಿಂದ ನನ್ನ ಕಡೆ ತಳ್ಳಿದರು. ಕ್ಷಮೆ ಕೇಳಲಿಲ್ಲ. ಸಮಿತಿಗೂ ಹೋಗಿ ದೂರಿದೆ. "ನಿಮ್ಮ ನಿಮ್ಮಲ್ಲಿ ಬಗೆಹರಿಸಿಕೊಳ್ಳಿ" ಎಂದರು. ಆಮೇಲೂ ರಾಯರಿಗೆ ಸನ್ಮಾನಗಳಾದವು, ಹಾರಗಳು ಬಿದ್ದವು. ಇದನ್ನು ಮುಚ್ಚಿಟ್ಟು, ಕೊನೆಗೆ ನ್ಯಾಯ ಸಿಕ್ಕಿತು ಎಂದು ನಾನು ಬರೆಯಲಾರೆ. ಸಿಗಲಿಲ್ಲ.

ಮನೆಗೆ ಬಂದು ರೀಲು ಬಿಚ್ಚಿದರೆ ಅವ್ವ ಮಾತಾಡುವ ಭಾಗವೇ ಇಲ್ಲ. ಕತ್ತರಿಸಿಕೊಂಡು, ಉಳಿದ ತುದಿಗಳನ್ನು ಅಂಟಿಸಿ ಕೊಟ್ಟಿದ್ದರು. ಇನ್ನೊಂದು ಪ್ರತಿ ಎಲ್ಲಿಂದ ಬರಬೇಕು? ಇಸ್ಮಾಯಿಲಣ್ಣ ಸುದ್ದಿ ಕೇಳಿ ಅಳ್ನಾವರದಿಂದ ಬಂದ. ರೀಲಿನ ಅಂಟು ನೋಡಿ, "ಹರಾಮಖೋರರು" ಎಂದ. ಆಮೇಲೆ ಅವ್ವನ ಮುಂದೆ ಕುಕ್ಕರಗಾಲಲ್ಲಿ ಕೂತು, "ಮತ್ತೊಮ್ಮೆ ತಗಿಯೂಣೇನ್ರಿ ಅವ್ವಾರ? ಅಷ್ಟೂ ಮತ್ತ ಹೇಳ್ರಿ" ಎಂದು ಕೇಳಿದ.

"ಖರೆ ಮಾತ ಒಮ್ಮೆ ಬರತೈತಿ ತಮ್ಮಾ. ಮತ್ತೊಮ್ಮೆ ಹೇಳಿದ್ರ ನಾಟಕ ಆಕ್ಕೈತಿ. ನಾ ಏನ್ ಕಂಪನಿ ನಾಟಕದಾಕಿಯೇನು?"

"ಮತ್ತ ಅಲ್ಲೆ ಏನ್ ಹಾಕಬೇಕಬೇ?" ಎಂದೆ.

"ಏನೂ ಹಾಕಬ್ಯಾಡ. ಕಡದಾರ ಅಂತ ಮಂದಿಗೆ ಗೊತ್ತಾಗಲಿ."

ರಾಯರು ಅವ್ವನ ಮುಖ ತೆಗೆದುಕೊಂಡು ದನಿಯನ್ನು ಬಿಸಾಕಿದ್ದರು. ಆ ದನಿಯ ಮೂಲ ಟೇಪು ನನ್ನ ಹತ್ತಿರವಿತ್ತು. ಅವರು ಕತ್ತರಿಸಿದಷ್ಟೇ ಉದ್ದದ ಕಪ್ಪು ಫಿಲ್ಮನ್ನು ಆ ಜಾಗಕ್ಕೆ ಜೋಡಿಸಿದೆ. ಚಿತ್ರದ ಜೊತೆಗೆ ಟೇಪನ್ನು ಕೈಯಾರೆ ಓಡಿಸಬೇಕಿತ್ತು. ಇಷ್ಟು ವರ್ಷ ಕತ್ತರಿ ಹಿಡಿದು ನಾನು ಮಾಡಿದ ಜೋಡಣೆಗಳಲ್ಲಿ ಅದಕ್ಕಿಂತ ಗಟ್ಟಿಯಾದದ್ದು ಇನ್ನೊಂದಿಲ್ಲ.

ಮೊದಲ ಪ್ರದರ್ಶನಕ್ಕೆ ಜಾಗ ಕೊಡಿಸಿದವನು ಕಾಕಾ. ಟಿವಿಯಲ್ಲಿ ಬಂದದ್ದನ್ನು ಅವನೂ ನೋಡಿದ್ದ. ಅಣ್ಣಿಗೇರಿಯಿಂದ ಬಂದವನು ಹೊಸ್ತಿಲಲ್ಲೇ ನಿಂತು, "ಪಟದ ಜಗಳಾ ಇನ್ನೂ ಮುಗದಿಲ್ಲ. ಅದನ್ನ ಆಮ್ಯಾಲ ಆಡೂಣು. ಮೊದಲ ನಮ್ಮ ವೈನೀ, ನಿಮ್ಮವ್ವನ ಮಾತು ಮಂದಿಗೆ ಕೇಳಸೂಣು" ಎಂದ.

ಅಣ್ಣಿಗೇರಿಯ ಶಾಲೆಯ ಕೋಣೆಯೊಂದರಲ್ಲಿ ರವಿವಾರ ಮಧ್ಯಾಹ್ನ ಕಿಟಕಿಗಳಿಗೆ ಕಂಬಳಿ ಕಟ್ಟಿದೆವು. ಕಾಳಿನ ಅಂಗಡಿಗಳಲ್ಲಿ ಹಸನು ಮಾಡುವ ಹೆಂಗಸರು, ಹಮಾಲರು, ಮಾಸ್ತರರು, ದಾರಿಯಲ್ಲಿ ಹೋಗುತ್ತಿದ್ದವರು, ಹೀಗೆ ಕೋಣೆ ತುಂಬಿತು. ಅವ್ವ ಮುಂದಿನ ಸಾಲಿನಲ್ಲಿ ನೆಲದ ಮೇಲೆ ಕೂತಳು. ಇಸ್ಮಾಯಿಲಣ್ಣ ಪ್ರೊಜೆಕ್ಟರ್ ಹಿಡಿದ, ನಾನು ಟೇಪ್ ಹಿಡಿದೆ. ಬುದ್ಧನ ಪಟ ಬಂತು, ಎಲ್ಲಮ್ಮನ ಪಟ ಬಂತು, ಕೆಂಪು ರಾಶಿ ಬಂತು. ಆಮೇಲೆ ಪರದೆ ಕಪ್ಪಾಯಿತು. ನಾನು ಗುಂಡಿ ಒತ್ತಿದೆ. ಕತ್ತಲೆಯಲ್ಲಿ ಅವ್ವನ ದನಿ ಎದ್ದಿತು. 'ವಖಾರದಾಗ ನಮ್ಮ ಓಣಿ ಹೆಣ್ಮಕ್ಕಳಿಗೆ...'

ಹಿಂದಿನ ಸಾಲಿನಿಂದ ಗಂಡಸೊಬ್ಬ ಕೂಗಿದ. "ಏ ಆಪರೇಟರ್, ಚಿತ್ರಾ ಹೋಗೇತಿ ನೋಡೋ! ಬೆಳಕ ಹಾಕ್ರಿ!"

ಇಸ್ಮಾಯಿಲಣ್ಣ ನನ್ನ ಕಡೆ ನೋಡಿದ. ನಾನು ಏನಾದರೂ ಹೇಳುವ ಮೊದಲೇ ಹೆಂಗಸರ ಕಡೆಯಿಂದ ಒಬ್ಬಳು ಗದರಿಸಿದಳು. ಯಾರೆಂದು ಕತ್ತಲೆಯಲ್ಲಿ ಕಾಣಲಿಲ್ಲ.

"ಸುಮ್ಮ ಕುಂದರಪಾ. ಆಕಿ ಮಾತಾಡಾಕತ್ತಾಳ, ಕೇಳು."